ಹತ್ತೊಂಬತ್ತು ಒಪ್ಪತ್ತು

ನವೆಂಬರ್ 3, 2025, ಸೋಮವಾರ

ನಿವೃತ್ತಿಯಾಗಿ ಎರಡು ವರ್ಷದ ಮೇಲೆ ಮತ್ತೆ ಕೊರಳಿಗೆ ಗುರುತಿನ ಚೀಟಿ ಬಿತ್ತು. ಫೋಟೋದಲ್ಲಿ ಪೊಲೀಸರು ಹಿಡಿದುಕೊಂಡು ಬಂದವನ ಹಾಗೆ ಕಾಣುತ್ತೀರಿ ಎಂದು ಗಂಗರತ್ನ ನಕ್ಕಳು. ನಗಲಿ. ವಿದ್ಯಾರಣ್ಯಪುರದ ಮನೆಯಲ್ಲಿ ಕೂತು ಹೆಂಡತಿಯ ಒಗ್ಗರಣೆಗೆ ಸಲಹೆ ಕೊಡುವುದಕ್ಕಿಂತ ಹೊರಗೆ ತಿರುಗುವುದು ನಮ್ಮಿಬ್ಬರಿಗೂ ಕ್ಷೇಮ.

ಕೆಲಸ ಇಷ್ಟೆ. ಸಂಜಯನಗರದಲ್ಲಿ ಕಚೇರಿ ಇಟ್ಟುಕೊಂಡಿರುವ ಒಂದು ಸಂಸ್ಥೆ ಹಸಿವನ್ನು ಅಳೆಯುತ್ತಿದೆ. ಅಮೃತಹಳ್ಳಿಯ ಸುತ್ತಮುತ್ತ ಆರು ಬೀದಿ ಆರಿಸಿಕೊಂಡಿದ್ದಾರೆ. ಮನೆಮನೆಗೆ ಹೋಗಿ ಎಂಟು ಪ್ರಶ್ನೆ ಕೇಳಿ, ಉತ್ತರವನ್ನು ಫೋನಿನ ಫಾರಂನಲ್ಲಿ ಒತ್ತಬೇಕು. ಹಸಿವು ಹೆಚ್ಚೆಂದು ಕಂಡ ಎರಡು ಬೀದಿಗೆ ಜನವರಿಯಿಂದ ಮಧ್ಯಾಹ್ನದ ಅಡುಗೆಮನೆ ಬರುತ್ತದೆ, ದೊಡ್ಡವರಿಗೂ ಬಿಸಿಯೂಟ. ಮಿಕ್ಕ ನಾಲ್ಕಕ್ಕೆ ಏನೂ ಇಲ್ಲ. ಈ ವಿಷಯವನ್ನು ಬೀದಿಯವರ ಮುಂದೆ ಬಾಯಿ ಬಿಡಕೂಡದು, ಬಿಟ್ಟರೆ ಬೆಳಗಾಗುವಷ್ಟರಲ್ಲಿ ಎಲ್ಲರೂ ಹಸಿದವರಾಗುತ್ತಾರೆ ಎಂದು ಉಮೇಶ್ ಎಚ್ಚರಿಸಿದ. ಉಮೇಶ್ ಅಂದರೆ ಇಡೀ ಸರ್ವೆಯ ಅಧಿಕಾರಿ. ನನ್ನ ಮಗನ ವಯಸ್ಸು, ನನ್ನನ್ನು ಸಾರ್ ಎನ್ನುತ್ತಾನೆ.

ಪ್ರಶ್ನೆ ಕೇಳುವವರು ಆರು ಜನ ಹುಡುಗಿಯರು. ನಾನು ಮರುಪರಿಶೀಲಕ. ಅವರು ತುಂಬಿ ತಂದದ್ದರಲ್ಲಿ ಅನುಮಾನ ಬಂದ ಮನೆಗೆ ನಾನು ಮತ್ತೆ ಹೋಗಿ ಅದೇ ಪ್ರಶ್ನೆ ಕೇಳಬೇಕು. ಅವರ ಉತ್ತರಕ್ಕೂ ನನ್ನ ಉತ್ತರಕ್ಕೂ ತಾಳೆಯಾಗದಿದ್ದರೆ ನನ್ನದೇ ನಿಲ್ಲುತ್ತದೆ. ಕೈಪಿಡಿಯಲ್ಲಿ ಈ ಸಾಲನ್ನು ಎರಡು ಸಲ ಓದಿದೆ, ಹಿತವಾಗಿತ್ತು.

ಮೂವತ್ತೈದು ವರ್ಷ ಸರ್ಕಾರದ ಬೆಳೆ ಲೆಕ್ಕಕ್ಕಾಗಿ ಹೊಲದಲ್ಲಿ ಐದು ಮೀಟರ್ ಚೌಕಕ್ಕೆ ದಾರ ಹಿಡಿದು, ರಾಗಿ ಕೊಯ್ಯಿಸಿ, ತೂಗಿ, ಇಳುವರಿ ಬರೆದವನು ನಾನು. ಯಲಹಂಕದ ಈಚೆಗೆ ನಾನು ದಾರ ಹಿಡಿದ ಹೊಲವೆಲ್ಲ ಈಗ ಲೇಔಟು. ರಾಗಿ ಅಳೆದವನಿಗೆ ಹಸಿವು ಅಳೆಯುವುದು ಏನು ಮಹಾ.

ನವೆಂಬರ್ 6, ಗುರುವಾರ

ತರಬೇತಿ. ನೂರಕ್ಕೂ ಹೆಚ್ಚು ದೇಶಗಳಲ್ಲಿ ಕೇಳುವುದು ಇದೇ ಎಂಟು ಪ್ರಶ್ನೆಯಂತೆ. ಆದ್ದರಿಂದ ಒಂದು ಅಕ್ಷರ ಆಚೀಚೆ ಮಾಡುವಂತಿಲ್ಲ. ಬೀದಿಯ ಸ್ಥಾನ ನಿಲ್ಲುವುದು ನಾಲ್ಕನೆಯದರ ಮೇಲೆ, ಅದನ್ನು ನಾನೇ ಗಟ್ಟಿಯಾಗಿ ಓದಿದೆ: "ಕಳೆದ ಹನ್ನೆರಡು ತಿಂಗಳಲ್ಲಿ ಹಣ ಅಥವಾ ಇತರ ಸಂಪನ್ಮೂಲಗಳ ಕೊರತೆಯಿಂದಾಗಿ ನೀವು ಒಂದು ಹೊತ್ತಿನ ಊಟವನ್ನು ಬಿಡಬೇಕಾಗಿ ಬಂದಿತ್ತೇ?"

ಹಿಂದಿನ ಸಾಲಿನಿಂದ ಮೋನಿಕಾ ಎಂಬ ಹುಡುಗಿ ಕೈ ಎತ್ತಿದಳು. "ಸಾರ್, ಸಂಪನ್ಮೂಲ ಅಂದ್ರೆ ಏನು? ನನ್ಗೇ ಗೊತ್ತಿಲ್ಲ. ಅವ್ರಿಗೇನಂತ ಹೇಳ್ಲಿ?"

ಹೇಳಬೇಕಾದದ್ದಿಲ್ಲ, ಇದ್ದಂತೆ ಓದು ಸಾಕು ಎಂದೆ.

"ಅರ್ಥ ಆಗ್ದೆ ಇದ್ರೆ?"

"ಇನ್ನೊಂದ್ಸಲ ಓದಮ್ಮ."

ಎಲ್ಲರೂ ನಕ್ಕರು. ನಾನು ತಮಾಷೆಗೆ ಹೇಳಿರಲಿಲ್ಲ.

ಇನ್ನೊಂದು ಸೂಚನೆ ಇದೆ. ಹರಕೆ, ಉಪವಾಸ, ಒಪ್ಪತ್ತು ಎಂದು ದೇವರಿಗಾಗಿ ಊಟ ಬಿಟ್ಟಿದ್ದರೆ ಅದು ಹಸಿವಲ್ಲ, "ಇಲ್ಲ" ಎಂದೇ ಗುರುತಿಸಬೇಕು. ನಗರದಲ್ಲಿ ಬೆಳೆದ ಹುಡುಗಿಯರಿಗೆ ಒಪ್ಪತ್ತು ತಿಳಿಯುತ್ತದೋ ಇಲ್ಲವೋ ಎಂದು ಬಿಡಿಸಿ ಹೇಳಿದೆ. ನನ್ನ ಮನೆಯವಳು ಮೂವತ್ತು ವರ್ಷದಿಂದ ಶನಿವಾರ ಒಂದೇ ಹೊತ್ತು ಉಣ್ಣುತ್ತಾಳೆ, ಇನ್ನೊಂದು ಹೊತ್ತಿಗೆ ಅವಲಕ್ಕಿ, ಬಾಳೆಹಣ್ಣು, ಒಂದು ಲೋಟ ಹಾಲು. ಅದನ್ನು ಹಸಿವೆಂದು ಬರೆದರೆ ದೇಶದ ಮಾನ ಹೋಗುತ್ತದೆ ಎಂದೆ. ಎಲ್ಲರೂ ಬರೆದುಕೊಂಡರು. ಮೋನಿಕಾ ಬರೆದುಕೊಳ್ಳಲಿಲ್ಲ.

ನವೆಂಬರ್ 13, ಗುರುವಾರ

ಕೆಲಸ ಹೇಗೆ ನಡೆದಿದೆ ನೋಡೋಣವೆಂದು ಹೋದೆ. ತಲೆ ಕೆಟ್ಟುಹೋಯಿತು.

ಮೂರು ಅಂತಸ್ತು ಕಟ್ಟಿಸಿ, ಬಾಗಿಲಲ್ಲಿ ಕಾರು ನಿಲ್ಲಿಸಿಕೊಂಡಿರುವ ಮನೆಯಾತ ಎಂಟು ಪ್ರಶ್ನೆಗೂ "ಹೌದು" ಎಂದ. ದಿನವಿಡೀ ಏನೂ ತಿನ್ನದೆ ಇದ್ದದ್ದುಂಟಾ ಎಂದರೆ ಅದಕ್ಕೂ ಹೌದು. ಬಿಪಿಎಲ್ ಕಾರ್ಡು ಕೊಡುವವರು ಬಂದಿದ್ದಾರೆ ಎಂದು ಯಾರೋ ಅವನ ಕಿವಿಗೆ ಊದಿದ್ದಾರೆ. ಅವನ ಹಿತ್ತಲಿನ ಶೀಟಿನ ಮನೆಯಲ್ಲಿ ಬಾಡಿಗೆಗಿರುವ ಹೆಂಗಸು ಎಂಟಕ್ಕೂ "ಇಲ್ಲ" ಎಂದಳು. ಹೌದೆಂದರೆ ಮಕ್ಕಳನ್ನು ಹಾಸ್ಟೆಲಿಗೆ ಹಾಕಿಬಿಡುತ್ತಾರೆ ಎಂದು ಅವಳ ಕಿವಿಗೆ ಊದಿದವರು ಬೇರೆ.

ರಾಗಿಯಾದರೆ ತಕ್ಕಡಿಯ ಮೇಲೆ ಸುಮ್ಮನೆ ಕೂರುತ್ತಿತ್ತು. ಯಾರ ಭಯವೂ ಅದಕ್ಕಿರಲಿಲ್ಲ.

ನವೆಂಬರ್ 20, ಗುರುವಾರ

ಆರು ಬೀದಿಯ ಲೆಕ್ಕ ಬಂತು. ಐದು ಬೀದಿಗಳಲ್ಲಿ ಊಟ ಬಿಟ್ಟವರು ನಾಲ್ಕು ಮನೆ, ಆರು ಮನೆ, ಹೆಚ್ಚೆಂದರೆ ಒಂಬತ್ತು. ಮೋನಿಕಾಳ ತೋಪಿನ ಬೀದಿಯಲ್ಲಿ ಐವತ್ತೆಂಟು ಮನೆಗೆ ಇಪ್ಪತ್ತೆರಡು! ಫಾರಂ ತೆಗೆದು ನೋಡಿದರೆ ಹತ್ತೊಂಬತ್ತರಲ್ಲಿ ಅವಳೇ ಷರಾ ಹಾಕಿದ್ದಾಳೆ: ಒಪ್ಪತ್ತು. ಒಪ್ಪತ್ತು ಎಂದು ಬರೆದು, ಪಕ್ಕದಲ್ಲಿ "ಹೌದು" ಒತ್ತಿದ್ದಾಳೆ. ಒಂದಲ್ಲ, ಎರಡಲ್ಲ, ಹತ್ತೊಂಬತ್ತು ಸಲ. ಕರೆಸಿದೆ.

"ಏನಮ್ಮ ಇದು? ಒಪ್ಪತ್ತು ಇದ್ರೆ ಇಲ್ಲ ಅಂತ ಒತ್ಬೇಕು ಅಂತ ನಾನೇ ಹೇಳಿರ್ಲಿಲ್ವಾ?"

"ಹೇಳಿದ್ರಿ ಸಾರ್. ಆದ್ರೆ ಇದು ಒಪ್ಪತ್ತಲ್ಲ."

"ಒಪ್ಪತ್ತು ಅಂತ ಬರ್ದಿರೋಳು ನೀನೇ."

"ಅವ್ರು ಹಂಗಂದ್ರು ಸಾರ್, ಅದಕ್ಕೆ ಬರ್ದೆ. ಆದ್ರೆ ಅದು ಒಪ್ಪತ್ತಲ್ಲ."

"ಹಾಗಾದ್ರೆ ಇನ್ನೇನು?"

"ನೀವೇ ಹೋಗಿ ನೋಡ್ಕೊಂಡ್ ಬನ್ನಿ ಸಾರ್. ನಾನು ಹೇಳಿದ್ರೆ ಮನೇಲಿ ಕೂತು ತುಂಬಿದಾಳೆ ಅಂತೀರಾ."

ಅನ್ನುವುದೇನು, ಉಮೇಶ್ ಆಗಲೇ ಅಂದಿದ್ದ. ಈ ಹತ್ತೊಂಬತ್ತೂ "ಇಲ್ಲ" ಆದರೆ ತೋಪಿನ ಬೀದಿ ಆರನೆಯ ಸ್ಥಾನಕ್ಕೆ ಇಳಿಯುತ್ತದೆ, ಅಡುಗೆಮನೆ ಬರುವುದಿಲ್ಲ. ಮೋನಿಕಾಳನ್ನೂ ಕಳಿಸುತ್ತಾರೆ. ಅದು ನನ್ನ ತಲೆನೋವಲ್ಲ, ಸರಿಯಾದದ್ದು ಯಾವುದೋ ಅದು ನಿಲ್ಲಬೇಕು. ಹುಡುಗಿ ಮಾತ್ರ ಸುಳ್ಳುಗಾರ್ತಿಯ ಹಾಗೆ ಕಾಣಲಿಲ್ಲ. ಅದೇ ಕಿರಿಕಿರಿ.

ನವೆಂಬರ್ 26, ಬುಧವಾರ

ತೋಪಿನ ಬೀದಿಯಲ್ಲಿ ಹನ್ನೊಂದು ಮನೆ ಮುಗಿಯಿತು. ಹೆಬ್ಬಾಳದಲ್ಲಿ ಬಸ್ಸು ಸಿಗದೆ ಹೋಗುವುದೇ ತಡವಾಯಿತು. ತೋಪು ಎಂದು ಹೆಸರು, ಒಂದು ಮರವಿಲ್ಲ. ಎದುರುಬದುರು ಶೀಟಿನ ಮನೆಗಳು, ನಡುವೆ ಒಂದು ಸ್ಕೂಟರು ಹೋಗುವಷ್ಟು ಜಾಗ.

ನಾಲ್ಕನೆಯ ಪ್ರಶ್ನೆಗೆ ಎಲ್ಲರದೂ ಒಂದೇ ಉತ್ತರ. "ಒಪ್ಪತ್ತು ಇರ್ತೀನಿ ಸಾರ್." ದೇವರಿಗಾ ಎಂದು ಕೇಳುವ ಅಗತ್ಯವೇ ಇಲ್ಲ, ಒಪ್ಪತ್ತು ಎಂದಮೇಲೆ ಇನ್ಯಾರಿಗೆ? ಇಲ್ಲ, ಇಲ್ಲ, ಇಲ್ಲ ಎಂದು ಒತ್ತುತ್ತಾ ಬಂದೆ. ಮನಸ್ಸು ಹಗುರವಾಯಿತು, ಕೈಪಿಡಿ ಸರಿಯಾಗಿದೆ.

ಹನ್ನೊಂದನೆಯ ಮನೆ ದ್ರೌಪದಮ್ಮನದು. ಜಕ್ಕೂರಿನ ಅಪಾರ್ಟ್‌ಮೆಂಟುಗಳಲ್ಲಿ ಪಾತ್ರೆ ತೊಳೆಯುವ ಹೆಂಗಸು, ನಲವತ್ತರ ಆಸುಪಾಸು. ಗಂಡ ಬಣ್ಣ ಬಳಿಯುವ ಕೆಲಸಕ್ಕೆ, ಮಕ್ಕಳಿಬ್ಬರು ಶಾಲೆಗೆ ಹೋಗಿದ್ದರು. ಬೆಳಿಗ್ಗೆ ಸಕ್ಕರೆ ಕಾಯಿಲೆಯ ಮಾತ್ರೆ ನುಂಗಿದ್ದ ನಾನು ಒಂದೂವರೆಯಾದರೂ ಏನೂ ತಿಂದಿರಲಿಲ್ಲ. ಮೂರನೆಯ ಪ್ರಶ್ನೆ ಓದುವಾಗ ಅಕ್ಷರ ಕುಣಿಯತೊಡಗಿತು. ಮೈ ಬೆವೆತಿತು. ಹಾಗೇ ಗೋಡೆಗೆ ಒರಗಿದೆ.

"ಅಯ್ಯೋ, ಏನಾಯ್ತು ಸಾರ್? ಉಂಡಿಲ್ವಾ ನೀವು?" ಎಂದವಳೇ ಬಾಯಿಗೆ ಸಕ್ಕರೆ ಹಾಕಿ ನೀರು ಕುಡಿಸಿದಳು. ಆಮೇಲೆ ತಟ್ಟೆ ತಂದಿಟ್ಟಳು. ಒಂದು ಮುದ್ದೆ, ಉಪ್ಪುಸಾರು. ಬೇಡ ಎಂದರೆ ಕೇಳಲಿಲ್ಲ.

"ಮನೇಗ್ ಬಂದೋರು ಬಿದ್ದೋದ್ರೆ ನಮಗ್ ಒಳ್ಳೆ ಎಸ್ರಾ? ಉಣ್ಣಿ."

"ನಿಮ್ದು ಊಟ ಆಯ್ತೇನಮ್ಮ?"

"ನಂದು ಒಪ್ಪತ್ತು ಸಾರ್. ನೀವ್ ಉಣ್ಣಿ ಸುಮ್ಕೆ."

ಉಂಡೆ. ನಾಚಿಕೆ ಬಿಟ್ಟು ಬರೆಯುತ್ತೇನೆ, ಇಷ್ಟು ರುಚಿಯಾಗಿ ಊಟ ಮಾಡಿ ಎಷ್ಟು ಕಾಲವಾಗಿತ್ತೋ. ಸಾರು ಮತ್ತೆ ಹಾಕಿಸಿಕೊಂಡೆ. ಕೈ ತೊಳೆದು, ಸುಮ್ಮನೆ ಮಾತಿಗೆಂದು ಕೇಳಿದೆ, "ನಿಮ್ದು ಯಾವ ವಾರ?" ಶನಿವಾರವೋ ಸೋಮವಾರವೋ ಎಂದು. ಇವತ್ತು ಬುಧವಾರ, ಬುಧವಾರ ಒಪ್ಪತ್ತು ಇರುವವರನ್ನು ನಾನು ಕಂಡಿಲ್ಲ.

"ಕೊನೇ ವಾರ ಸಾರ್," ಎಂದಳು ತಟ್ಟೆ ತೆಗೆಯುತ್ತಾ.

ಕೊನೆಯ ವಾರ ಎಂದರೇನು? ಭಾನುವಾರವೇ? ಅಥವಾ ತಿಂಗಳ ಕೊನೆಯ ಶನಿವಾರ ಎಂದೇ? ಅರ್ಥವಾಗಲಿಲ್ಲ. ಫಾರಂನಲ್ಲಿ "ಇಲ್ಲ" ಒತ್ತಿ ಬಂದೆ. ಮಾಹಿತಿ ಕೊಡುವವರ ಮನೆಯಲ್ಲಿ ನೀರು ಬಿಟ್ಟು ಇನ್ನೇನನ್ನೂ ಮುಟ್ಟಬಾರದು, ಮುಟ್ಟಿದರೆ ಆ ಮನೆಯ ಮರುಪರಿಶೀಲನೆ ರದ್ದಾಗಿ ಮೊದಲ ಉತ್ತರವೇ ಕಾಯಂ ಆಗುತ್ತದೆ ಎಂದು ಕೈಪಿಡಿಯಲ್ಲಿದೆ. ಜೀವಕ್ಕೆ ಬಂದಾಗ ಕೈಪಿಡಿ ತಿರುವಿ ನೋಡುವವರು ಯಾರು? ಯಾರಿಗೂ ಹೇಳಲಿಲ್ಲ.

ನವೆಂಬರ್ 27, ಗುರುವಾರ

ಮಿಕ್ಕ ಎಂಟು ಮನೆಯೂ ಮುಗಿದವು. ಹತ್ತೊಂಬತ್ತಕ್ಕೆ ಹತ್ತೊಂಬತ್ತೂ "ಇಲ್ಲ". ಸಂಜೆ ಕಳಿಸಿದೆ. ಶಹಭಾಸ್ ಸಾರ್ ಎಂದು ಉಮೇಶ್ ಉತ್ತರ ಹಾಕಿದ.

ಅವರೆಕಾಯಿ ಬಿಡಿಸುತ್ತಾ ಕೂತಿದ್ದ ಗಂಗರತ್ನಳನ್ನು ಕೇಳಿದೆ. "ಕೊನೇ ವಾರ ಒಪ್ಪತ್ತು ಇರೋದು ಯಾವ ದೇವ್ರಿಗೆ? ನಿನಗೆ ಗೊತ್ತಿರಬೇಕಲ್ಲ."

"ಯಾರು ಹಂಗಂದ್ರು?"

ಹೇಳಿದೆ. ಮುದ್ದೆ ಉಂಡದ್ದನ್ನೂ ಹೇಳಿದೆ. ಅವಳ ಕೈ ನಿಂತಿತು.

"ವಾರ ಅಂದ್ರೆ ಶನಿವಾರ ಭಾನುವಾರ ಅಲ್ರೀ. ತಿಂಗಳ ಕೊನೇ ವಾರ. ಸಂಬಳ ಬರೋಕ್ ಮುಂಚಿನ ವಾರ. ಆ ವಾರ ಯಾವ ದೇವ್ರು ಬರ್ತಾನೆ? ಇರೋದು ಮಕ್ಕಳಿಗೂ ಗಂಡನಿಗೂ ಆಗ್ಲಿ ಅಂತ ಇವಳು ಒಂದು ಹೊತ್ತು ಬಿಡ್ತಾಳೆ. ಹಸ್ಕೊಂಡಿದೀನಿ ಅನ್ನೋಕಾಗುತ್ತಾ? ಒಪ್ಪತ್ತು ಅಂತಾಳೆ."

"ನಿನಗೆ ಹೇಗೆ ಗೊತ್ತು?"

"ಹೆಂಗಸರಿಗೆ ಯಾರಿಗೆ ಗೊತ್ತಿಲ್ಲ!" ಎಂದು ಮತ್ತೆ ಕಾಯಿ ಬಿಡಿಸತೊಡಗಿದಳು. ನನ್ನ ಮುಖ ನೋಡದೆ ಕೇಳಿದಳು, "ಎರಡನೇ ಸಲ ಸಾರು ಬೇರೆ ಹಾಕಿಸ್ಕೊಂಡ್ರಾ?"

ಛೆ, ಹಾಗಿರಲಾರದು. ಒಬ್ಬಳದು ಹಾಗಿರಬಹುದು. ಹತ್ತೊಂಬತ್ತು ಜನ ಹೆಂಗಸರೂ ಹಾಗೇ ಎಂದರೆ ಏನರ್ಥ? ನಿನ್ನೆ ಇಪ್ಪತ್ತಾರು, ಇವತ್ತು ಇಪ್ಪತ್ತೇಳು. ಎರಡೂ ಕೊನೆಯ ವಾರದ ದಿನಗಳೇ. ಮಡಕೆಯಲ್ಲಿ ಇನ್ನೊಂದು ಮುದ್ದೆ ಇತ್ತೇ? ಸೌಟು ತಳ ಕೆರೆದ ಸದ್ದು ಕೇಳಿದ ನೆನಪು. ಇಲ್ಲವೆನ್ನಲೂ ಆಗುತ್ತಿಲ್ಲ, ಹೌದೆನ್ನಲೂ ಆಗುತ್ತಿಲ್ಲ.

ನವೆಂಬರ್ 28, ಶುಕ್ರವಾರ

ಬೆಳಿಗ್ಗೆಯೇ ಸಂಜಯನಗರಕ್ಕೆ ಹೋದೆ. ಕೈಪಿಡಿ ಹೇಳುವುದು ದೇವರ ಒಪ್ಪತ್ತನ್ನು, ಇದು ಅದಲ್ಲವೆಂದು ತೋರುತ್ತದೆ, ಹತ್ತೊಂಬತ್ತನ್ನೂ ತಿದ್ದಬೇಕು ಎಂದೆ. ಉಮೇಶ್ ತಾಳ್ಮೆಯಿಂದ ಕೇಳಿಸಿಕೊಂಡ. ಒಳ್ಳೆಯ ಹುಡುಗ.

"ಸಾರ್, ನೀವು ಹೇಳೋದು ನಿಜ ಇರ್ಬೋದು. ಆದ್ರೆ ನಿಮ್ಗೆ ಹಂಗೆ ಅನ್ಸಿದ್ರೆ ಸಾಲ್ದು. ಊಟಕ್ಕಿಲ್ದೆ ಬಿಟ್ಟೆ ಅಂತ ಅವ್ರ ಬಾಯಲ್ಲೇ ಬರ್ಬೇಕು. ನಾವೇ ಊಹೆ ಮಾಡಿ ತುಂಬಿದ್ರೆ ಬೇರೆ ದೇಶದವ್ರೂ ಅವ್ರಿಗೆ ಬೇಕಾದಂಗೆ ತುಂಬ್ತಾರೆ. ಆಮೇಲೆ ಯಾವ್ದಕ್ ಯಾವ್ದನ್ನ ಹೋಲಿಸೋದು? ಸೋಮವಾರ ಸಂಜೆ ಲೆಕ್ಕ ಮುಚ್ತೀವಿ. ಅಷ್ಟರೊಳಗೆ ಹೋಗಿ ಕೇಳ್ಕೊಂಡ್ ಬನ್ನಿ."

ಸರಿಯೇ ತಾನೆ? ಅವನ ಜಾಗದಲ್ಲಿ ನಾನಿದ್ದರೂ ಇದನ್ನೇ ಹೇಳುತ್ತಿದ್ದೆ. ನಾನು ಹೇಳುತ್ತಿದ್ದ ಮಾತನ್ನೇ ಇನ್ನೊಬ್ಬರ ಬಾಯಲ್ಲಿ ಕೇಳಿ ಯಾಕಿಷ್ಟು ಸಿಟ್ಟು ಬಂತೋ ತಿಳಿಯದು.

ಮೋನಿಕಾಳಿಗೆ ಫೋನ್ ಮಾಡಿದೆ. "ಕೇಳಿದ್ರೆ ದೇವ್ರಿಗೆ ಅಂತಾನೇ ಅಂತಾರೆ ಸಾರ್," ಎಂದಳು. ಮತ್ತೆ ನಿನಗೆ ಹೇಗೆ ತಿಳಿಯಿತು ಎಂದೆ. "ನಾನು ಕೇಳ್ಲೇ ಇಲ್ಲ. ಅವ್ರ ಜೊತೆ ಕೂತ್ಕೊಂಡು ಸೊಪ್ಪು ಬಿಡಿಸ್ದೆ. ಅವ್ರವ್ರೇ ಮಾತಾಡ್ಕೊಂಡ್ರು."

ಸೊಪ್ಪು ಬಿಡಿಸುವುದು ಕೈಪಿಡಿಯಲ್ಲಿಲ್ಲ.

ನವೆಂಬರ್ 29, ಶನಿವಾರ

ಮೋನಿಕಾಳನ್ನು ಕರೆದುಕೊಂಡು ದ್ರೌಪದಮ್ಮನ ಮನೆಗೆ ಹೋದೆ. ಬಾಗಿಲಲ್ಲಿ ಕೂತು ಮಗಳ ತಲೆ ಬಾಚುತ್ತಿದ್ದಳು. ನನ್ನನ್ನು ಕಂಡು ಖುಷಿಪಟ್ಟಳು. "ಇವತ್ತು ಉಂಡ್ಕೊಂಡ್ ಬಂದ್ರಾ ಸಾರ್?"

ಒಂದು ಕೇಜಿ ಬಾಳೆಹಣ್ಣು ಕೊಟ್ಟೆ. ಆಮೇಲೆ ಕೇಳಿದೆ. ಎಷ್ಟು ಮೃದುವಾಗಿ ಕೇಳಬೇಕೆಂದುಕೊಂಡಿದ್ದೆನೋ ಅಷ್ಟೇ ಒಡ್ಡೊಡ್ಡಾಗಿ ಬಂತು.

"ದ್ರೌಪದಮ್ಮ, ನಿಮ್ಮ ಒಪ್ಪತ್ತು ದೇವ್ರಿಗಾ, ಇಲ್ಲ, ಮನೇಲಿ ಸಾಲದೆ ಬಿಡೋದಾ?"

ಅವಳ ಕೈಯಲ್ಲಿದ್ದ ಬಾಚಣಿಗೆ ನಿಂತಿತು. ಹುಡುಗಿಯನ್ನು ಒಳಗೆ ಕಳಿಸಿದಳು. ಎದುರುಮನೆಯ ಹೆಂಗಸು ಬಾಗಿಲಿಗೆ ಬಂದು ನಿಂತಳು.

"ಯಾಕ್ ಸಾರ್ ಇಂಗ್ ಕೇಳ್ತೀರಾ?"

"ಬರ್ಕೋಬೇಕಿತ್ತು."

"ಬರ್ಕಂಡ್ರೆ ಏನಾಯ್ತದೆ?"

ಅಡುಗೆಮನೆಯ ವಿಷಯ ನಾಲಗೆಯ ತುದಿಗೆ ಬಂದಿತ್ತು. ಹೇಳುವಂತಿಲ್ಲ. ಹೇಳಿ ಪಡೆದ ಉತ್ತರ ಉತ್ತರವೇ ಅಲ್ಲ. ಮೋನಿಕಾ ನನ್ನ ಮುಖವನ್ನೇ ನೋಡುತ್ತಿದ್ದಳು.

"ಏನೂ ಆಗಲ್ಲಮ್ಮ," ಎಂದೆ.

"ಏನೂ ಆಗಲ್ಲ ಅಂದ್ರೆ ನಮ್ ಮರ್ವಾದೆ ಯಾಕ್ ಸಾರ್ ಕಳೀತೀರಾ? ದೇವ್ರಿಗೇ ಅಂತ ಬರ್ಕಳಿ." ಎದುರುಮನೆಯವಳಿಗೂ ಕೇಳುವಂತೆ ಹೇಳಿದಳು. ಆಮೇಲೆ ಬಾಳೆಹಣ್ಣಿನ ಚೀಲವನ್ನು ನನ್ನ ಕೈಗೇ ವಾಪಸು ಕೊಟ್ಟಳು.

ಮಿಕ್ಕ ಹದಿನೆಂಟು ಮನೆಯ ಬಾಗಿಲು ತಟ್ಟುವ ಧೈರ್ಯ ಬರಲಿಲ್ಲ. ದ್ರೌಪದಮ್ಮನ ಮಾತನ್ನು ನಂಬಿದರೆ ಅವಳ ಊಟ ಹೋಗುತ್ತದೆ, ನಂಬದಿದ್ದರೆ ಅವಳ ಮಾನ. ನನಗೆ ಬಹಳ ದುಃಖವಾಗಿದೆ. ಯಾರ ಮೇಲೆ ರೇಗಬೇಕೋ ತಿಳಿಯದೆ ಕಂಡಕ್ಟರನ ಮೇಲೆ ರೇಗಿದೆ.

ನವೆಂಬರ್ 30, ಭಾನುವಾರ

ಅಮ್ಮನೂ ಒಪ್ಪತ್ತು ಇರುತ್ತಿದ್ದಳು. ಯಾವ ವಾರ ಎಂದು ಎಷ್ಟು ತಿಣುಕಿದರೂ ಹೊಳೆಯುತ್ತಿಲ್ಲ. ಅಣ್ಣ ಮುನಿಗಂಗಪ್ಪನಿಗೆ ಫೋನ್ ಹಚ್ಚಿ ಕೇಳಿದೆ.

"ವಾರ ಗೀರ ನೆನಪಿಲ್ಲ ಕಣೋ. ಸುಗ್ಗಿ ಆದ್ಮೇಲೆ ಮೂರ್ನಾಕು ತಿಂಗ್ಳು ಒಪ್ಪತ್ತು ಇರ್ತಿರ್ಲಿಲ್ಲ, ಅಷ್ಟ್ ನೆನಪೈತೆ," ಎಂದ. "ಯಾಕ್ಲಾ, ಏನಾಯ್ತು?"

ಏನಿಲ್ಲ ಎಂದೆ.

ಡಿಸೆಂಬರ್ 1, ಸೋಮವಾರ

ಬೆಳಿಗ್ಗೆ ಉಮೇಶನಿಗೆ ಪತ್ರ ಬರೆದು ಫೋನಿನಲ್ಲಿ ಫೋಟೋ ಕಳಿಸಿದೆ. ಇಪ್ಪತ್ತಾರನೆಯ ತಾರೀಖು ದ್ರೌಪದಮ್ಮನವರ ಮನೆಯಲ್ಲಿ ನಾನು ಊಟ ಮಾಡಿದ್ದೇನೆ, ನಿಯಮದಂತೆ ನನ್ನ ಮರುಪರಿಶೀಲನೆ ರದ್ದು ಮಾಡಿ ಮೋನಿಕಾ ಬರೆದ ಉತ್ತರವನ್ನೇ ಇಡತಕ್ಕದ್ದು ಎಂದು. ಹೀಗಾದರೆ ಆ ಹೆಂಗಸಿನ ಬಾಯಿಂದ ಯಾರೂ ಏನನ್ನೂ ಹೇಳಿಸಬೇಕಾಗಿಲ್ಲ. ಲೆಕ್ಕದಲ್ಲಿ ಹೆಸರೂ ಬರುವುದಿಲ್ಲ. ಇದು ಉಪಾಯವೋ ಕಳ್ಳದಾರಿಯೋ ಎಂದು ಗಂಗರತ್ನಳನ್ನು ಕೇಳಿದೆ. ಕಾಫಿ ಆರುತ್ತದೆ, ಕುಡಿಯಿರಿ ಎಂದಳು.

ನಾಲ್ಕು ಗಂಟೆಗೆ ಉಮೇಶನ ಫೋನ್ ಬಂತು.

"ಸಾರ್, ಪತ್ರ ನೋಡ್ದೆ. ಆ ಒಂದು ಮನೇದು ರದ್ದು ಮಾಡ್ದೆ, ಮೋನಿಕಾ ಉತ್ರ ಇಟ್ಟೆ. ಆದ್ರೆ ಒಂದು ಮನೆಯಿಂದ ಬೀದಿ ಮೇಲಕ್ಕೆ ಬರಲ್ಲ. ಮಿಕ್ಕಿದ್ ಹದಿನೆಂಟು ಹಂಗೇ ನಿಂತಿದಾವಲ್ಲ."

ಇದು ನನಗೆ ಹೊಳೆದೇ ಇರಲಿಲ್ಲ. ಮನೆಮನೆಗೂ ಬೇರೆ ಬೇರೆ ಲೆಕ್ಕ. ನಿಯಮ ಚೆನ್ನಾಗಿ ಬಲ್ಲವನೆಂಬ ಜಂಬ ಬೇರೆ ನನಗೆ. ಫೋನ್ ಹಿಡಿದುಕೊಂಡು ವರಾಂಡಕ್ಕೆ ಬಂದೆ, ಮತ್ತೆ ಒಳಗೆ ಹೋದೆ.

"ಸಾರ್? ಇದೀರಾ?"

"ಅಲ್ಲೂ ಉಂಡಿದೀನಿ," ಎಂದೆ.

"ಎಲ್ಲಿ?"

"ಹದಿನೆಂಟು ಮನೇಲೂ."

"ಎರಡು ದಿನದಲ್ಲಿ ಹತ್ತೊಂಬತ್ತು ಊಟಾನಾ ಸಾರ್?"

"ಹೌದಪ್ಪ."

"ಸಾರ್, ಇದನ್ನ ಹಂಗೇ ಹಾಕಿದ್ರೆ ನಿಮ್ಮನ್ನ ಇಟ್ಕೊಳ್ಳೋಕಾಗಲ್ಲ. ಮುಂದಕ್ಕೂ ಯಾವ ಸರ್ವೆಗೂ ಕರೆಯಲ್ಲ ಇವ್ರು."

"ಬೇಡ ಬಿಡು."

"ನಿಜ್ವಾಗ್ಲೂ ಹಾಕ್ಲಾ?"

"ಹಾಕು."

ಕೀಲಿಮಣೆಯ ಸದ್ದು ಕೇಳಿಸಿತು. ಒಂದೊಂದೇ ಮನೆಯ ನಂಬರ್ ಓದಿ ಹೇಳುತ್ತಾ ಹೋದ. ನಾನು ಹೂಂ ಎನ್ನುತ್ತಾ ಹೋದೆ. ಹತ್ತೊಂಬತ್ತೂ ಮುಗಿದವು.

"ಕಾರಣ ಅಂತ ಒಂದು ಕಾಲಂ ಇದೆ ಸಾರ್, ಖಾಲಿ ಬಿಟ್ರೆ ತಗೊಳಲ್ಲ. ಯಾಕೆ ಉಂಡ್ರಿ ಅಂತ ಹಾಕ್ಲಿ?"

"ಹಸಿವು ಅಂತ ಹಾಕಪ್ಪ," ಎಂದೆ.